ಎಳನೀರು ಕುಡಿಯುವುದು ಹೇಗೆ: ಸಮಗ್ರ ಮಾರ್ಗದರ್ಶಿ, ಆವೃತ್ತಿ 4.2

ಆವೃತ್ತಿ 1.0 ನಮ್ಮ ತಾತನ ಕಾಲದ್ದು. ಬಾಯಾರಿದರೆ ತೋಟಕ್ಕೆ ಹೋಗುವುದು, ಮರ ಹತ್ತುವವನನ್ನು ಕೂಗುವುದು, ಕೆಡವಿಸುವುದು, ಕೆತ್ತಿಸಿ ಎತ್ತಿ ಕುಡಿಯುವುದು. ಅರ್ಧ ಬಾಯಿಗೆ, ಅರ್ಧ ಅಂಗಿಗೆ. ಅಂಗಿಗೆ ಬಿದ್ದದ್ದರ ಕರೆ ಎಷ್ಟು ಒಗೆದರೂ ಹೋಗುತ್ತಿರಲಿಲ್ಲ. ಆ ಆವೃತ್ತಿಯಲ್ಲಿ ಕಂಡುಬಂದಿದ್ದ ದೋಷ ಅದೊಂದೇ. 2.0ರಲ್ಲಿ ಎಳನೀರು ಗೊನೆಗೊನೆಯಾಗಿ ಸೈಕಲ್ ಏರಿ ಪೇಟೆಗೆ ಬಂತು, ದುಡ್ಡು ಕೊಡುವುದು ಶುರುವಾಯಿತು. 3.0ರಲ್ಲಿ ಸ್ಟ್ರಾ ಸೇರಿಕೊಂಡು ಅಂಗಿಯ ಸಮಸ್ಯೆ ಬಗೆಹರಿಯಿತು. 4.0ರಿಂದ ಫೋನ್ ಕಡ್ಡಾಯ.

ಈ ಮಾರ್ಗದರ್ಶಿ 4.2ಕ್ಕೆ ಸಂಬಂಧಿಸಿದ್ದು. ಹೋದ ಬೇಸಿಗೆಯಲ್ಲಿ ಒಂದು ಮಧ್ಯಾಹ್ನ ನಮ್ಮ ರಸ್ತೆ ಮೂಲೆಯ ಹೊಂಗೆ ಮರದ ಕೆಳಗೆ ಒಂದು ಎಳನೀರಿಗಾಗಿ ನಾನು ಇಪ್ಪತ್ತೆರಡು ನಿಮಿಷ ನಿಂತಿದ್ದೆ. ಎಳನೀರು ಕೆತ್ತುವುದಕ್ಕೆ ಹಿಡಿದದ್ದು ಅದರಲ್ಲಿ ಅರ್ಧ ನಿಮಿಷ. ಉಳಿದ ಇಪ್ಪತ್ತೊಂದೂವರೆ ನಿಮಿಷದಲ್ಲಿ ಕಲಿತದ್ದನ್ನು ಹಂತಹಂತವಾಗಿ ಕೆಳಗೆ ಕೊಟ್ಟಿದ್ದೇನೆ.

ಬೇಕಾಗುವ ಸಾಮಗ್ರಿ

ಶೇಕಡ ಇಪ್ಪತ್ತಕ್ಕಿಂತ ಹೆಚ್ಚು ಚಾರ್ಜ್ ಇರುವ ಫೋನ್ ಒಂದು. ಬ್ಯಾಂಕಿಗೆ ಯಾವ ನಂಬರ್ ಕೊಟ್ಟಿದ್ದೀರೋ ಅದೇ ಸಿಮ್ ಒಂದು. ಡೇಟಾ ಬೇಕಾದಷ್ಟು. ಪಾವತಿ ಆ್ಯಪ್ ಒಂದು. ಒಂದು ಕೈಕೊಟ್ಟರೆ ಇರಲಿ ಎಂದು ಇನ್ನೊಂದು. ಆ ಎರಡೂ ಒಂದೇ ಬ್ಯಾಂಕ್ ಖಾತೆಗೆ ಜೋಡಿಸಿದ್ದರಿಂದ ಒಟ್ಟಿಗೇ ಕೈಕೊಡುತ್ತವೆ ಎಂಬುದು ತಿಳಿದ ಮೇಲೆ ಮೂರನೆಯದು. ಬಿಸಿಲಿಗೆ ಪರದೆ ಕಾಣುವುದಿಲ್ಲವಾದ್ದರಿಂದ ಮರೆ ಹಿಡಿಯಲು ಎಡ ಅಂಗೈ. ತಾಳ್ಮೆ, ರುಚಿಗೆ ತಕ್ಕಷ್ಟು. ಎಳನೀರು, ಸಿಕ್ಕರೆ.

ಹಂತ 0: ಅಪ್‌ಡೇಟ್

ಎಣಿಕೆ ಒಂದರಿಂದ ಅಲ್ಲ, ಸೊನ್ನೆಯಿಂದ ಶುರು. ಕಂಪ್ಯೂಟರಿನವರು ಹಾಗೇ ಎಣಿಸುವುದು. ಮನೆಯಿಂದ ಹೊರಡುವ ಮುಂಚೆಯೇ ಆ್ಯಪ್ ತೆರೆದು ನೋಡಿ. ಮುಂದೆ ಹೋಗಬೇಕಾದರೆ ಅಪ್‌ಡೇಟ್ ಮಾಡಿ ಎನ್ನುತ್ತದೆ. ಏನು ಬದಲಾಗಿದೆ ಎಂದು ಕೇಳಿದರೆ ‘ಬಗ್ ಫಿಕ್ಸಸ್, ಪರ್ಫಾರ್ಮೆನ್ಸ್ ಇಂಪ್ರೂವ್‌ಮೆಂಟ್ಸ್’ ಎಂಬ ಉತ್ತರ. ನಮ್ಮ ಕಡೆ ಅಡುಗೆ ಭಟ್ಟರನ್ನು ಸಾರಿಗೆ ಏನು ಹಾಕಿದಿರಿ ಎಂದು ಕೇಳಿದರೆ ‘ಎಲ್ಲ ಹದವಾಗಿ ಹಾಕಿದ್ದೀನಿ’ ಎನ್ನುವುದಿಲ್ಲವೇ, ಅದೇ ಜಾತಿಯ ಉತ್ತರ ಇದು. ಒಪ್ಪಿಕೊಳ್ಳಿ. ಅದಾದ ಮೇಲೆ ಬರುವ ನಿಯಮ ಷರತ್ತುಗಳನ್ನೂ ಒಪ್ಪಿಕೊಳ್ಳಿ. ಓದಿ ಒಪ್ಪುವವರಿಗೆ ಬೇಸಿಗೆ ಮುಗಿಯುತ್ತದೆ.

ಹಂತ 1: ಕಾಯಿ ಆರಿಸುವುದು

ಈ ಹಂತಕ್ಕೆ ಯಾವ ಯಂತ್ರವೂ ಬೇಡ. ಎಳನೀರು ಮಾರುವ ಗೌಡರು (ಮದ್ದೂರು ಕಡೆಯವರು, ಎಳನೀರಿನ ವಿಷಯದಲ್ಲಿ ಅದಕ್ಕಿಂತ ದೊಡ್ಡ ಅರ್ಹತಾ ಪತ್ರ ಇಲ್ಲ) ನಿಮ್ಮ ಮುಖ ನೋಡಿ ಕೇಳುವುದು ಒಂದೇ ಪ್ರಶ್ನೆ: ‘ನೀರಾ, ಗಂಜಿನಾ?’

ಇದೂ ಒಂದು ಪರಿಭಾಷೆಯೇ. ಹೊರಗಿನವರಿಗೆ ಗಂಜಿ ಎಂದರೆ ಅಕ್ಕಿಯದ್ದು. ಇಲ್ಲಿ ಗಂಜಿ ಎಂದರೆ ಬುರುಡೆಯ ಒಳಗೋಡೆಗೆ ಅಂಟಿರುವ ಎಳೆ ತಿರುಳು. ತೆಳು ಗಂಜಿ, ದಪ್ಪ ಗಂಜಿ ಎಂದು ಅದರಲ್ಲೂ ಭೇದ. ಕಾಯಿಗೆ ಏಳೆಂಟು ತಿಂಗಳಾದಾಗ ನೀರು ಚೆನ್ನಾಗಿ ತುಂಬಿ ಸಿಹಿಯಾಗಿರುತ್ತದೆ. ಆಮೇಲೆ ಬಲಿಯುತ್ತಾ ಹೋದಂತೆ ಗಂಜಿ ದಪ್ಪವಾಗುತ್ತದೆ, ನೀರು ಇಳಿಯುತ್ತದೆ. ಗೌಡರು ಬೆರಳ ಗೆಣ್ಣಿನಿಂದ ಎರಡು ಸಲ ತಟ್ಟಿ, ಒಮ್ಮೆ ಅಲ್ಲಾಡಿಸಿ, ‘ಇದು ನೀರು’ ಎಂದು ತೀರ್ಪು ಕೊಡುತ್ತಾರೆ. ಮಚ್ಚಿನ ನಾಲ್ಕೇಟಿಗೆ ಆ ತೀರ್ಪು ಸರಿಯೋ ತಪ್ಪೋ ನಿಮ್ಮ ಕಣ್ಣೆದುರೇ ಬಯಲಾಗುತ್ತದೆ. ತಪ್ಪಿದ್ದರೆ ‘ತಪ್ಪೋಯ್ತು, ಬ್ಯಾರೇದ್ ಕೊಡ್ತೀನಿ ಬುಡಿ’ ಎನ್ನುತ್ತಾರೆ. ಈ ವಾಕ್ಯವನ್ನು ನೆನಪಿಟ್ಟುಕೊಳ್ಳಿ, ಹಂತ 5ರಲ್ಲಿ ಬೇಕಾಗುತ್ತದೆ.

ಒಂದು ಕಿವಿಮಾತು. ನನ್ನ ತಪ್ಪು ನೀವು ಮಾಡಬೇಡಿ. ದುಡ್ಡು ಹೋಗುತ್ತದೋ ಇಲ್ಲವೋ ನೋಡಿಕೊಳ್ಳುವ ಮುಂಚೆ ಕಾಯಿ ಕೆತ್ತಿಸಬೇಡಿ. ಕೆತ್ತಿದ ಎಳನೀರಿಗೆ ಅನ್‌ಡೂ ಇಲ್ಲ.

ಹಂತ 2: ಸ್ಕ್ಯಾನ್

ತಳ್ಳುಗಾಡಿಯ ಕಂಬಕ್ಕೆ ತೂಗುಹಾಕಿದ ಕಪ್ಪುಬಿಳಿ ಚೌಕ ಕ್ಯೂಆರ್ ಕೋಡ್. ಇದನ್ನು 1994ರಲ್ಲಿ ಜಪಾನಿನ ಡೆನ್ಸೊ ಕಂಪನಿಯ ಮಸಾಹಿರೊ ಹಾರಾ ಮತ್ತವರ ತಂಡ ಮಾಡಿದ್ದು ಕಾರಿನ ಬಿಡಿಭಾಗಗಳ ಲೆಕ್ಕ ಇಡುವುದಕ್ಕೆ. ಕಪ್ಪುಬಿಳಿ ಕಾಯಿಗಳನ್ನಿಟ್ಟು ಆಡುವ ‘ಗೋ’ ಎಂಬ ಮಣೆಯಾಟದಿಂದ ಅವರಿಗೆ ಈ ವಿನ್ಯಾಸ ಹೊಳೆಯಿತಂತೆ. ಮೂರು ಮೂಲೆಯಲ್ಲಿರುವ ದೊಡ್ಡ ಚೌಕಗಳು ಇದ್ದಾವಲ್ಲ, ಅವು ಕ್ಯಾಮೆರಾಕ್ಕೆ ‘ತಲೆ ಯಾವ ಕಡೆ, ಬುಡ ಯಾವ ಕಡೆ’ ಎಂದು ತೋರಿಸುವುದಕ್ಕೆ. ಆದ್ದರಿಂದ ಫೋನನ್ನು ತಿರುಗಿಸಿ ಮುರುಗಿಸಿ ಕಸರತ್ತು ಮಾಡುವ ಅಗತ್ಯವಿಲ್ಲ.

ಗೌಡರ ಕ್ಯೂಆರ್ ಹಲಗೆಯ ಮೇಲೆ ಮಚ್ಚು ತಾಗಿದ ಗೀರು ಒಂದಿದೆ, ಎಳನೀರಿನ ಕರೆ ಎರಡಿವೆ. ಆದರೂ ಅದು ಓದಿಸಿಕೊಳ್ಳುತ್ತದೆ. ಕ್ಯೂಆರ್ ಕೋಡಿನೊಳಗೆ ಮಾಹಿತಿಯನ್ನು, ಒಂದಷ್ಟು ಕಳೆದುಹೋದರೂ ಮತ್ತೆ ಕಟ್ಟಿಕೊಳ್ಳುವಂತೆ ಹೆಣೆದಿರುತ್ತಾರೆ. ಅತಿ ಹೆಚ್ಚಿನ ಮಟ್ಟದಲ್ಲಿ ಸುಮಾರು ಶೇ. 30ರಷ್ಟು ಹಾಳಾದರೂ ಉಳಿದದ್ದರಿಂದ ಪೂರ್ತಿ ಓದಬಹುದು. ಅಂದರೆ ಓದಲಾಗದಿದ್ದರೆ ಕೊಳೆ ಹಲಗೆಯ ಮೇಲಿರುವುದಕ್ಕಿಂತ ನಿಮ್ಮ ಕ್ಯಾಮೆರಾದ ಮೇಲಿರುವ ಸಂಭವವೇ ಹೆಚ್ಚು. ಪಂಚೆಯ ಚುಂಗಿನಿಂದ ಒರೆಸಿ. ಈ ಮಾರ್ಗದರ್ಶಿಯಲ್ಲಿ ನೂರಕ್ಕೆ ನೂರು ಫಲ ಕೊಡುವ ತಾಂತ್ರಿಕ ಪರಿಹಾರ ಇದೊಂದೇ.

ಸ್ಕ್ಯಾನ್ ಆದೊಡನೆ ಪರದೆಯ ಮೇಲೆ ಒಂದು ಹೆಸರು ಬರುತ್ತದೆ. ಅದು ಗೌಡರ ಹೆಸರಾಗಿರುವುದಿಲ್ಲ. ಅವರ ಹೆಂಡತಿಯದ್ದೋ ಮಗನದ್ದೋ ಭಾವಮೈದನದ್ದೋ ಆಗಿರುತ್ತದೆ. ಗಟ್ಟಿಯಾಗಿ ಓದಿ ಹೇಳಿ ‘ಇವರೇನಾ?’ ಎಂದು ಕೇಳಿ. ಅಸಲಿ ಚೀಟಿಯ ಮೇಲೆ ತಮ್ಮ ಚೀಟಿ ಅಂಟಿಸಿ ಹೋಗುವ ಖದೀಮರೂ ಇದ್ದಾರೆ, ಆದ್ದರಿಂದ ಇದು ತಮಾಷೆಯ ಮಾತಲ್ಲ.

ಹಂತ 3: ಪಿನ್

ನಮ್ಮ ಮನೆಯಲ್ಲಿ ಬೀಗದ ಕೈ ಗೊಂಚಲಿನಲ್ಲಿ ಐದು ಕೈಗಳಿದ್ದವು, ಒಂದೊಂದಕ್ಕೂ ಒಂದೊಂದು ಆಕಾರ. ಕತ್ತಲಲ್ಲೂ ಅಮ್ಮ ತಡವಿ ಹೇಳುತ್ತಿದ್ದಳು. ಈಗ ಫೋನಿನ ಬೀಗ, ಆ್ಯಪಿನ ಬೀಗ, ಎಟಿಎಂ ಪಿನ್, ಯುಪಿಐ ಪಿನ್, ಆಗಾಗ ಬಂದು ಹೋಗುವ ಓಟಿಪಿ, ಎಲ್ಲವೂ ನಾಲ್ಕೋ ಆರೋ ಅಂಕಿ. ತಡವಿದರೆ ಗೊತ್ತಾಗುವುದಿಲ್ಲ. ಎಳನೀರಿಗೆ ಬೇಕಾದ್ದು ಯುಪಿಐ ಪಿನ್. ಅದನ್ನು ಗೌಡರಿಗೆ ಕೇಳುವಂತೆ ಬಾಯಲ್ಲಿ ಹೇಳಿಕೊಳ್ಳುತ್ತಾ ಒತ್ತಬೇಡಿ. ನಮ್ಮ ದೊಡ್ಡಪ್ಪ ಹಾಗೇ ಮಾಡುತ್ತಾರೆ. ಅವರ ಪಿನ್ ಈಗ ಇಡೀ ಬೀದಿಗೆ ಗೊತ್ತು. ಬೀದಿಯವರು ಒಳ್ಳೆಯವರು.

ಈ ಪಿನ್ ಬೇಕಾಗುವುದು ಖಾತೆಯಿಂದ ದುಡ್ಡು ಹೊರಗೆ ಹೋಗುವಾಗ. ದುಡ್ಡು ಒಳಗೆ ಬರುವುದಕ್ಕೆ ಬೇಡವೇ ಬೇಡ. ‘ನಿಮಗೆ ಹಣ ಕಳಿಸುತ್ತಿದ್ದೇವೆ, ಪಿನ್ ಒತ್ತಿ’ ಎಂದು ಯಾರಾದರೂ ಹೇಳಿದರೆ ಅವರು ಕಳ್ಳರು. ಇಷ್ಟನ್ನು ಮಾತ್ರ ಕಲ್ಲಲ್ಲಿ ಕೆತ್ತಿಸಿಟ್ಟುಕೊಳ್ಳಿ.

ಹಂತ 4: ಚಕ್ರ ತಿರುಗುವುದನ್ನು ನೋಡುವುದು

ಈಗ ಪರದೆಯ ಮೇಲೆ ಒಂದು ಚಕ್ರ ತಿರುಗುತ್ತದೆ. ನಿಮಗೂ ಗೌಡರಿಗೂ ನಡುವೆ ಇರುವುದು ಮೂರಡಿ. ಕೈ ಚಾಚಿದರೆ ಸಾಕು. ಆದರೆ ನಿಮ್ಮ ಅರವತ್ತು ರೂಪಾಯಿ ಆ ದಾರಿ ಹಿಡಿಯುವುದಿಲ್ಲ. ಕೋರಿಕೆ ನಿಮ್ಮ ಆ್ಯಪಿನಿಂದ ಆ ಆ್ಯಪಿನ ಹಿಂದಿರುವ ಬ್ಯಾಂಕಿಗೆ, ಅಲ್ಲಿಂದ ಎನ್‌ಪಿಸಿಐ ಎಂಬ ರಾಷ್ಟ್ರೀಯ ಪಾವತಿ ನಿಗಮಕ್ಕೆ, ಅಲ್ಲಿಂದ ನಿಮ್ಮ ಖಾತೆಯಿರುವ ಬ್ಯಾಂಕಿಗೆ ಹೋಗುತ್ತದೆ. ಅವರು ಪಿನ್ ಸರಿಯಿದೆಯೇ, ದುಡ್ಡಿದೆಯೇ ನೋಡಿ ಕಳೆದುಕೊಂಡು, ‘ಆಯ್ತು’ ಎಂದು ನಿಗಮಕ್ಕೆ ವಾಪಸ್ ಹೇಳಬೇಕು. ನಿಗಮ ಗೌಡರ ಬ್ಯಾಂಕಿಗೆ ಹೇಳಬೇಕು. ಅವರು ಜಮಾ ಮಾಡಿಕೊಂಡು ‘ಆಯ್ತು’ ಎನ್ನಬೇಕು. ಆ ‘ಆಯ್ತು’ ಅದೇ ದಾರಿಯಲ್ಲಿ ನಿಮ್ಮ ಕಡೆಗೊಮ್ಮೆ, ಗೌಡರ ಕಡೆಗೊಮ್ಮೆ ಬರಬೇಕು. ಆಮೇಲೆ ಗಾಡಿಯ ಮೇಲಿನ, ದುಡ್ಡು ಬಂತೆಂದು ಸಾರುವ ಡಬ್ಬಿ ಕೂಗಬೇಕು. ಆ ಡಬ್ಬಿಯ ಹೊಟ್ಟೆಯಲ್ಲೂ ಒಂದು ಸಿಮ್ ಇದೆ. ಅದಕ್ಕೂ ಸಿಗ್ನಲ್ ಸಿಗಬೇಕು.

ಹೆಣ್ಣು ನೋಡಲು ಬಂದವರು ದಲ್ಲಾಳಿ, ಸೋದರಮಾವ, ಜೋಯಿಸರ ಮೂಲಕ ‘ಆಯ್ತು’ ಎನಿಸಿಕೊಂಡ ಹಾಗೆ. ವ್ಯತ್ಯಾಸ ಏನೆಂದರೆ ಇದೆಲ್ಲ ಎರಡು ಮೂರು ಸೆಕೆಂಡಿನಲ್ಲಿ ಮುಗಿಯುತ್ತದೆ. ಹಂಗಿಸುವ ಭರದಲ್ಲಿ ಸುಳ್ಳು ಹೇಳಬಾರದು: 2016ರ ಏಪ್ರಿಲ್ 11ರಂದು ಶುರುವಾದ ಈ ಯುಪಿಐ 2025ರ ಆಗಸ್ಟ್ ಹೊತ್ತಿಗೆ ಒಂದೇ ತಿಂಗಳಲ್ಲಿ 2000 ಕೋಟಿಗೂ ಹೆಚ್ಚು ಸಲ ಹೀಗೆ ದುಡ್ಡು ಮುಟ್ಟಿಸಿದೆ. ಹತ್ತು ರೂಪಾಯಿ ಕೊತ್ತಂಬರಿ ಸೊಪ್ಪಿಗೂ ಇಷ್ಟೆಲ್ಲ ಓಡಾಡಿ ಬರುವ ಆಳನ್ನು ನಮ್ಮ ತಾತನಂಥ ಜಮೀನುದಾರನೂ ಕಂಡಿರಲಿಲ್ಲ. ಆಳು ಚೆನ್ನಾಗಿದ್ದಾನೆ. ಅವನಿಗೆ ಜ್ವರ ಬಂದ ದಿನ ನಮಗೆ ನೀರು ಸೇದಲೂ ಬರುವುದಿಲ್ಲ ಎನ್ನುವುದಷ್ಟೇ ಸಂಕಟ. 2025ರ ಮಾರ್ಚ್ 26ಕ್ಕೊಮ್ಮೆ, ಏಪ್ರಿಲ್ 12ಕ್ಕೊಮ್ಮೆ ದೇಶಾದ್ಯಂತ ಅವನಿಗೆ ಜ್ವರ ಬಂದಿತ್ತು.

ಹಂತ 5: ಅರ್ಥ ಬಿಡಿಸುವುದು

ಚಕ್ರ ನಿಂತಿತು. ಡಬ್ಬಿ ಕೂಗಲಿಲ್ಲ. ಪರದೆಯ ಮೇಲೆ ಏನೋ ಬಂದಿದೆ. ಇಲ್ಲಿಂದ ಮುಂದೆ ನಿಘಂಟು ಬೇಕು.

ಝಡ್ 9: ನಿಮ್ಮ ಖಾತೆಯಲ್ಲಿ ಅಷ್ಟು ದುಡ್ಡಿಲ್ಲ.

ಝಡ್‌ಎಂ: ಪಿನ್ ತಪ್ಪು.

ಯು 30: ಖಾತೆಯಿಂದ ದುಡ್ಡು ಕಳೆಯಲಾಗಲಿಲ್ಲ. ಯಾಕೆ ಎಂದು ಕೇಳಬಾರದು.

ಪೆಂಡಿಂಗ್: ಹೋಗಿದೆಯೋ ಇಲ್ಲವೋ ಅವರಿಗೂ ಗೊತ್ತಿಲ್ಲ.

ಡೀಮ್ಡ್: ನಿಮ್ಮಿಂದ ಹೋಗಿದೆ, ಅಲ್ಲಿಗೆ ತಲುಪಿದೆ ಎಂಬ ಉತ್ತರ ಬಂದಿಲ್ಲ, ಆದರೂ ತಲುಪಿದೆ ಎಂದೇ ಸದ್ಯಕ್ಕೆ ಭಾವಿಸತಕ್ಕದ್ದು. ಭಕ್ತಿಮಾರ್ಗಕ್ಕೆ ಅತಿ ಸಮೀಪದ ಪದ.

ಸರ್ವರ್ ಡೌನ್: ಇದಕ್ಕೆ ಅರ್ಥವಿಲ್ಲ. ಬ್ಯಾಂಕು, ನಾಡಕಚೇರಿ, ನ್ಯಾಯಬೆಲೆ ಅಂಗಡಿ, ಎಲ್ಲಿ ಹೋದರೂ ಕೇಳಿಬರುವ ಮಂತ್ರ. ಮೊದಲೆಲ್ಲ ‘ಸಾಹೇಬರು ಊಟಕ್ಕೆ ಹೋಗಿದ್ದಾರೆ’ ಎನ್ನುತ್ತಿದ್ದರಲ್ಲ, ಆ ಸಾಹೇಬರು ನಿವೃತ್ತರಾದ ಮೇಲೆ ಅವರ ಜಾಗಕ್ಕೆ ಸರ್ವರ್ ಬಂತು. ಸಾಹೇಬರಾದರೆ ಮೂರು ಗಂಟೆಗೆ ವಾಪಸ್ ಬರುತ್ತಿದ್ದರು.

ಈ ಪದಗಳ ವ್ಯಾಕರಣ ಗಮನಿಸಿ. ಎಲ್ಲಿಯೂ ಕರ್ತೃ ಇಲ್ಲ. ನಮ್ಮ ಮಕ್ಕಳಿಗೆ ಈ ವಿದ್ಯೆ ಹುಟ್ಟುತ್ತಲೇ ಬರುತ್ತದೆ: ಅಡುಗೆಮನೆಯಿಂದ ಠಳಾರೆಂದು ಸದ್ದು ಬಂದು, ಏನೋ ಅದು ಎಂದು ಕೇಳಿದರೆ ‘ಲೋಟ ಒಡೆದುಹೋಯ್ತು’ ಎನ್ನುತ್ತವೆ. ‘ಒಡೆದೆ’ ಎಂದು ಒಂದು ಮಗುವೂ ಹೇಳಿದ್ದನ್ನು ನಾನು ಕೇಳಿಲ್ಲ. ‘ಟೆಕ್ನಿಕಲ್ ಗ್ಲಿಚ್’ ಎಂದರೆ ದೊಡ್ಡವರ ಬಾಯಲ್ಲಿ ಲೋಟ ಒಡೆದುಹೋಗುವುದು. ಪದ ಎಷ್ಟು ಕಗ್ಗಂಟೋ ಲೋಟ ಅಷ್ಟು ದೊಡ್ಡದು. ಝಡ್ 9 ಮಾತ್ರ ಬೇರೆ ಥರ. ಅಲ್ಲಿ ತಪ್ಪು ನಮ್ಮದೇ. ‘ದುಡ್ಡಿಲ್ಲ’ ಎಂಬ ನಮ್ಮ ಮಾನ ಹೋಗುವ ಸುದ್ದಿಯನ್ನು ಬಿಡಿಸಿ ಓದಲಾಗದ ಅಕ್ಷರದಲ್ಲಿ ಬರೆದುಕೊಟ್ಟದ್ದಕ್ಕೆ ಅವರಿಗೆ ಕೃತಜ್ಞರಾಗಿರಬೇಕು.

ಗೌಡರ ವಾಕ್ಯವನ್ನು ಈಗ ಒಮ್ಮೆ ನೆನೆಸಿಕೊಳ್ಳಿ. ‘ತಪ್ಪೋಯ್ತು’ ಎಂಬಲ್ಲಿಯೂ ಕರ್ತೃ ಇಲ್ಲ, ನಿಜ. ಆದರೆ ‘ಬ್ಯಾರೇದ್ ಕೊಡ್ತೀನಿ’ ಎಂಬಲ್ಲಿ ಇದ್ದಾನೆ.

ಹಂತ 6: ಪರಿಹಾರೋಪಾಯ

ಮೊದಲು ಮರದ ನೆರಳಿನಿಂದ ಬಿಸಿಲಿಗೆ ಬಂದು ಫೋನನ್ನು ಎರಡೂ ಕೈಯಿಂದ ತಲೆಯ ಮೇಲಕ್ಕೆ ಎತ್ತಿ ಹಿಡಿಯಿರಿ. ದೂರದಿಂದ ನೋಡಿದವರಿಗೆ ಸೂರ್ಯ ನಮಸ್ಕಾರದಂತೆ ಕಾಣುತ್ತದೆ. ಆಗಲಿಲ್ಲವೆಂದರೆ ಏರೋಪ್ಲೇನ್ ಗುರುತನ್ನು ಒಮ್ಮೆ ಒತ್ತಿ, ಹತ್ತು ಎಣಿಸಿ, ಮತ್ತೆ ಒತ್ತಿ. ಫೋನು ಹತ್ತಿರದ ಟವರನ್ನು ಹೊಸದಾಗಿ ಹುಡುಕಿಕೊಳ್ಳುವುದರಿಂದ ಇದು ನಿಜಕ್ಕೂ ಕೆಲಸ ಮಾಡುತ್ತದೆ. ಅದೂ ಆಗದಿದ್ದರೆ ಆಫ್ ಮಾಡಿ ಆನ್ ಮಾಡಿ.

ಕೊನೆಯದನ್ನು ಹಳ್ಳಿ ಮದ್ದು ಎಂದು ಹಗುರವಾಗಿ ಕಾಣಬೇಡಿ. 2024ರ ಜುಲೈ 19ರಂದು ಕ್ರೌಡ್‌ಸ್ಟ್ರೈಕ್ ಎಂಬ ಭದ್ರತಾ ಕಂಪನಿ ಕಳಿಸಿದ ಒಂದು ದೋಷದ ಅಪ್‌ಡೇಟಿನಿಂದ ಜಗತ್ತಿನಾದ್ಯಂತ ಸುಮಾರು 85 ಲಕ್ಷ ವಿಂಡೋಸ್ ಕಂಪ್ಯೂಟರುಗಳು ನೀಲಿ ಪರದೆ ತೋರಿಸಿ ಮಲಗಿದವು. ನಮ್ಮ ದೇಶದ ವಿಮಾನ ನಿಲ್ದಾಣಗಳಲ್ಲಿ ಪ್ರಯಾಣಿಕರಿಗೆ ಪೆನ್ನಿನಲ್ಲಿ ಬರೆದ ಬೋರ್ಡಿಂಗ್ ಪಾಸ್ ಕೊಟ್ಟರು. ಆಗ ಮೈಕ್ರೋಸಾಫ್ಟ್ ತನ್ನ ಕ್ಲೌಡಿನ ಗ್ರಾಹಕರಿಗೆ ಕೊಟ್ಟ ಸಲಹೆಗಳಲ್ಲಿ ಒಂದು: ಆಫ್ ಮಾಡಿ ಆನ್ ಮಾಡಿ, ಕೆಲವರಿಗೆ ಹದಿನೈದು ಸಲದವರೆಗೂ ಬೇಕಾಗಬಹುದು. ನಮ್ಮ ಬೀದಿಯ ಕೇಬಲ್ ಹುಡುಗ ಇಪ್ಪತ್ತು ವರ್ಷದಿಂದ ಹೇಳುತ್ತಿರುವುದೂ ಇದನ್ನೇ. ಸಂಬಳದಲ್ಲಿ ಮಾತ್ರ ವ್ಯತ್ಯಾಸ.

ಇಂಟರ್ನೆಟ್ಟೇ ಇಲ್ಲವಾದರೆ *99# ಒತ್ತಿಯೂ ಹಣ ಕಳಿಸಬಹುದು, ಕನ್ನಡದಲ್ಲೂ ಆಯ್ಕೆಗಳು ಬರುತ್ತವೆ. ಇದನ್ನು ಮನೆಯಲ್ಲಿ ಮೊದಲೇ ಒಮ್ಮೆ ಮಾಡಿ ನೋಡಿಟ್ಟುಕೊಂಡವರಿಗೆ ಮಾತ್ರ ಬೀದಿಯಲ್ಲಿ ಒಲಿಯುತ್ತದೆ. ನಿಧಾನಿಸಿದರೆ ನಡುವೆಯೇ ಮುಚ್ಚಿಕೊಳ್ಳುತ್ತದೆ. ಅದಕ್ಕಿಂತ ಸುಲಭದ್ದು ಯುಪಿಐ ಲೈಟ್. ಫೋನಿನಲ್ಲೇ 5000 ರೂಪಾಯಿವರೆಗೆ ತುಂಬಿಟ್ಟುಕೊಂಡು, ಚಿಲ್ಲರೆ ವ್ಯವಹಾರವನ್ನು ಪಿನ್ ಇಲ್ಲದೆ ಮುಗಿಸಬಹುದು. ಮೊದಲಾದರೆ ಇದನ್ನು ಜೇಬು ಎನ್ನುತ್ತಿದ್ದೆವು.

ಒಂದು ಎಚ್ಚರಿಕೆ. ಪೆಂಡಿಂಗ್ ಎಂದು ಬಂದಾಗ ಗಾಬರಿಯಿಂದ ಪದೇ ಪದೇ ಬ್ಯಾಲೆನ್ಸ್ ನೋಡಬೇಡಿ. 2025ರ ಆಗಸ್ಟ್ 1ರಿಂದ ಒಂದು ಆ್ಯಪಿನಲ್ಲಿ ದಿನಕ್ಕೆ 50 ಸಲ ಮಾತ್ರ ಎಂದು ಮಿತಿ ಹಾಕಿದ್ದಾರೆ. ಮಿತಿ ಹಾಕಬೇಕಾಯಿತು ಎಂದರೆ ಅದಕ್ಕೂ ಹೆಚ್ಚು ಸಲ ನೋಡುತ್ತಿದ್ದವರು ಇದ್ದರು ಎಂದೇ ಅರ್ಥ. ನನ್ನ ಖಾತೆಯನ್ನು ಐವತ್ತು ಸಲ ನೋಡುವ ಧೈರ್ಯ ನನಗಿಲ್ಲ.

ಹಂತ 7: ಗ್ರಾಹಕ ಸೇವೆ

ಸಹಾಯ ಎಂಬ ಗುರುತು ಒತ್ತಿದರೆ ಒಂದು ಯಂತ್ರ ನಿಮ್ಮೊಡನೆ ಚಾಟ್ ಮಾಡುತ್ತದೆ. ‘ಹಾಯ್! ನಾನು ನಿಮಗೆ ಹೇಗೆ ಸಹಾಯ ಮಾಡಲಿ?’ ‘ದುಡ್ಡು ಹೋಗಿದೆಯೋ ಇಲ್ಲವೋ ಹೇಳಿ.’ ‘ನಿಮಗೆ ಪರ್ಸನಲ್ ಲೋನ್ ಬೇಕೆ?’ ‘ಬೇಡ. ಎಳನೀರು.’ ‘ಕ್ಷಮಿಸಿ, ಅರ್ಥವಾಗಲಿಲ್ಲ. ದಯವಿಟ್ಟು ಕೆಳಗಿನ ಆಯ್ಕೆಗಳಲ್ಲಿ ಒಂದನ್ನು ಆರಿಸಿ.’ ಆಯ್ಕೆಗಳು ಮೂರು: ಲೋನ್, ಇನ್ಶೂರೆನ್ಸ್, ಮುಖಪುಟಕ್ಕೆ ಹಿಂತಿರುಗಿ.

ಗೂಗಲಿನಲ್ಲಿ ಕಸ್ಟಮರ್ ಕೇರ್ ನಂಬರ್ ಹುಡುಕಿ ಫೋನ್ ಮಾತ್ರ ಮಾಡಬೇಡಿ. ಅಲ್ಲಿ ಮೋಸಗಾರರ ನಂಬರುಗಳೂ ಅವಿತಿರುತ್ತವೆ, ಅವರು ಬಹಳ ಸೌಜನ್ಯದಿಂದ, ಮೊದಲ ರಿಂಗಿಗೇ ಎತ್ತುತ್ತಾರೆ. ಅಸಲಿಯವರನ್ನು ಗುರುತಿಸುವುದು ಹೀಗೆ: ಎತ್ತುವುದಿಲ್ಲ. ಮೋಸಹೋಗಿದ್ದೀರಿ ಎಂದು ತಿಳಿದರೆ ಆ ಕ್ಷಣವೇ ಸೈಬರ್ ಅಪರಾಧ ಸಹಾಯವಾಣಿ 1930ಕ್ಕೆ ಫೋನ್ ಮಾಡಿ.

ಬರೀ ದುಡ್ಡು ಸಿಕ್ಕಿಹಾಕಿಕೊಂಡಿದ್ದರೆ ಸುಮ್ಮನಿರುವುದೂ ಒಂದು ಉಪಾಯ. ರಿಸರ್ವ್ ಬ್ಯಾಂಕಿನ 2019ರ ನಿಯಮದ ಪ್ರಕಾರ, ಅಂಗಡಿಗೆ ಕೊಟ್ಟ ಯುಪಿಐ ದುಡ್ಡು ನಿಮ್ಮ ಖಾತೆಯಿಂದ ಕಳೆದು ಅವರಿಗೆ ತಲುಪದಿದ್ದರೆ ‘ಟಿ ಪ್ಲಸ್ 5’ ದಿನದೊಳಗೆ ತಾನೇ ವಾಪಸ್ ಬರಬೇಕು. ಟಿ ಎಂದರೆ ವ್ಯವಹಾರ ನಡೆದ ದಿನ. ಆಮೇಲೆ ತಡವಾದ ಪ್ರತಿ ದಿನಕ್ಕೆ 100 ರೂಪಾಯಿ ಪರಿಹಾರ. ಅರವತ್ತು ರೂಪಾಯಿಯ ಮೇಲೆ ದಿನಕ್ಕೆ ನೂರು! ಯಾವ ಬ್ಯಾಂಕಿನ ಎಫ್‌ಡಿಯೂ ಇಷ್ಟು ಕೊಡುವುದಿಲ್ಲ. ಈ ಲೆಕ್ಕವನ್ನು ಗೌಡರಿಗೆ ವಿವರಿಸಿದೆ. ‘ಅಂಗಾದ್ರೆ ಸಿಕ್ಕಾಕಂಡೇ ಇರ್ಲಿ ಬುಡಿ ಸಾರ್’ ಎಂದರು.

ಹಂತ 8: ನಗದು

ಫೋನಿನ ಕವಚವನ್ನು ಬಿಚ್ಚಿ. ಹಿಂಬದಿಯಲ್ಲಿ ಮಡಚಿದ ಐನೂರರ ನೋಟು ಒಂದಿರುತ್ತದೆ, ಯಾವುದೋ ಕಾಲದಲ್ಲಿ ಆಪತ್ತಿಗೆ ಎಂದು ಇಟ್ಟದ್ದು. ನಾಲ್ಕಂಕಿ ಐದಂಕಿ ಬೆಲೆಯ ಉಪಕರಣ ಕೊನೆಗೂ ನೋಟು ಇಡುವ ಪರ್ಸಾಗಿ ಕೆಲಸಕ್ಕೆ ಬಂತು. ಆದರೆ ಸಂತೋಷ ಪಡಬೇಡಿ, ಗೌಡರ ಹತ್ತಿರ ಚಿಲ್ಲರೆ ಇಲ್ಲ. ಇದಕ್ಕೆ ಸರ್ವರ್ ಕಾರಣವಲ್ಲ. ಎಲ್ಲರೂ ಫೋನಿನಲ್ಲೇ ಕೊಡುವುದರಿಂದ ಅವರ ದುಡ್ಡಿನ ಡಬ್ಬದಲ್ಲಿ ನೋಟು ಹುಟ್ಟುವುದೇ ನಿಂತಿದೆ. 2025ರ ಜುಲೈನಲ್ಲಿ, ಯುಪಿಐ ಲೆಕ್ಕ ಹಿಡಿದು ವಾಣಿಜ್ಯ ತೆರಿಗೆ ಇಲಾಖೆ ಸಣ್ಣ ವ್ಯಾಪಾರಿಗಳಿಗೆ ನೋಟಿಸ್ ಕಳಿಸಿದಾಗ, ಬೆಂಗಳೂರಿನ ಅಂಗಡಿಗಳಲ್ಲಿ ‘ನೋ ಯುಪಿಐ, ಓನ್ಲಿ ಕ್ಯಾಶ್’ ಎಂಬ ಹಾಳೆಗಳು ನೇತಾಡಿದವಲ್ಲ, ಆ ಕೆಲವು ವಾರ ಮಾತ್ರ ಚಿಲ್ಲರೆಗೆ ಜೀವ ಬಂದಿತ್ತು. ಆಗ ಗೌಡರೂ ಹಲಗೆಯನ್ನು ಗೋಣಿಚೀಲದಡಿ ಇಟ್ಟಿದ್ದರು. ಆಮೇಲೆ ತಾನಾಗಿ ಮೇಲೆ ಬಂತು.

‘ಕುಡೀರಿ ಸಾರ್, ನಾಳೀಕ್ ಕೊಡೀರಂತೆ’ ಎಂದರು ಗೌಡರು. ಪಾಸ್‌ವರ್ಡ್ ಕೇಳಲಿಲ್ಲ. ಬರೆದೂ ಇಟ್ಟುಕೊಳ್ಳಲಿಲ್ಲ. ಯಾರ್ಯಾರ ಬಾಕಿ ಎಷ್ಟು ಎಂಬುದು ಅವರ ತಲೆಯಲ್ಲಿದೆ. ಅದಕ್ಕೆ ಬ್ಯಾಕಪ್ ಇಲ್ಲ, ಅವರು ಊರ ಹಬ್ಬಕ್ಕೆ ಹೋದ ವಾರ ಇಡೀ ವ್ಯವಸ್ಥೆ ಡೌನ್.

ಹಂತ 9: ಕುಡಿಯುವುದು

ಸ್ಟ್ರಾ ಹಾಕಿ ಕುಡಿಯಿರಿ. ಇಷ್ಟು ಹೊತ್ತಿಗೆ ತಣ್ಣಗಿರುವುದಿಲ್ಲ. ನೀರು ಮುಗಿದ ಮೇಲೆ ಬುರುಡೆ ವಾಪಸ್ ಕೊಟ್ಟರೆ ಎರಡು ಹೋಳು ಮಾಡಿ, ಸಿಪ್ಪೆಯಲ್ಲೇ ಒಂದು ಚೂರು ಸೀಳಿ ಚಮಚ ಮಾಡಿಕೊಡುತ್ತಾರೆ. ಆ ಚಮಚಕ್ಕೆ ಚಾರ್ಜರ್ ಬೇಡ. ‘ನೀರು’ ಎಂದು ಹೇಳಿದ್ದರೂ ನನ್ನದರಲ್ಲಿ ತೆಳುವಾಗಿ ಗಂಜಿ ಇತ್ತು. ಗೌಡರು ಇಣುಕಿ ನೋಡಿ, ‘ಅದು ಫ್ರೀ’ ಎಂದರು.

ಮರುದಿನ ಬೆಳಿಗ್ಗೆ ಆ ಐನೂರನ್ನು ಹಾಲಿನ ಬೂತಿನಲ್ಲಿ ಚಿಲ್ಲರೆ ಮಾಡಿಸಿಕೊಂಡು ಅರವತ್ತು ರೂಪಾಯಿ ಹಿಡಿದು ಹೋದೆ. ಗೌಡರು ತೆಗೆದುಕೊಳ್ಳಲಿಲ್ಲ.

‘ಬಂತಲ್ಲ ಸಾರ್. ರಾತ್ರಿ ಊಟಕ್ ಕುಂತಿದ್ದೆ, ಡಬ್ಬ ಮನೇಲಿ ಚಾರ್ಜಿಗ್ ಹಾಕಿದ್ದೆ. ಒಂಬತ್ತೂವರೆಗೆ ಅರವತ್ತು ರೂಪಾಯಿ ಅಂತ ಕೂಗ್ತು. ನಮ್ಮನೆಯವಳು ಬೆದರಿ ಮುದ್ದೆ ಕೆಳೀಕ್ ಬೀಳಿಸ್ಬುಟ್ಲು.’